ರಾಕ್ಷಸ ಕದ್ದಿದ್ದು ಐಸ್‌ಕ್ರೀಮ್

ಒಬ್ಬ ಡಾಕ್ಟರ್ ತನ್ನ ಲ್ಯಾಬ್‌ನಲ್ಲಿ ಏನೋ ಕಲಸಿ ಕುಡಿಯುತ್ತಾನೆ. ಮೈಯೆಲ್ಲ ಒದ್ದಾಡುತ್ತದೆ, ಮುಖ ಸೊಟ್ಟಗಾಗುತ್ತದೆ. ತಲೆ ಎತ್ತಿದಾಗ ಅವನು ಅವನಲ್ಲ. ಕೆದರಿದ ಉದ್ದ ಕೂದಲು, ಬಾಗಿದ ಬೆನ್ನು, ಕಣ್ಣಲ್ಲೊಂದು ಕೆಟ್ಟ ನಗು. ಮನುಷ್ಯನ ಒಳಗಿದ್ದ ಕೆಡುಕೆಲ್ಲ ಹೊರಗೆ ಬಂದು ನಿಂತಿದೆ. ಇನ್ನು ಊರಿಗೆ ಗ್ರಹಚಾರ ಕಾದಿದೆ ಅಂದುಕೊಳ್ಳುತ್ತೇವೆ. ಅವನು ಬೀದಿಗೆ ಇಳಿಯುತ್ತಾನೆ. ಒಬ್ಬ ಹುಡುಗನ ಕೈಯಲ್ಲಿದ್ದ ಐಸ್‌ಕ್ರೀಮ್ ಕಿತ್ತುಕೊಳ್ಳುತ್ತಾನೆ.

ಅಷ್ಟೇ. ಅದೇ ಅವನ ಮಹಾಪಾಪ.

ಇದು 1925ರ ‘ಡಾಕ್ಟರ್ ಪಿಕಲ್ ಆ್ಯಂಡ್ ಮಿಸ್ಟರ್ ಪ್ರೈಡ್’. ಅಮೆರಿಕದ ಮೂಕಿ ಚಿತ್ರ, ಎರಡು ರೀಲಿನದು. ಜೋ ರಾಕ್ ನಿರ್ಮಿಸಿದ್ದು. ಡಾಕ್ಟರ್ ಸ್ಟಾನಿಸ್ಲಾಸ್ ಪಿಕಲ್ ಮತ್ತು ಮಿಸ್ಟರ್ ಪ್ರೈಡ್ ಎರಡೂ ಪಾತ್ರ ಸ್ಟಾನ್ ಲಾರೆಲ್‌ದೇ. ಹೌದು, ಲಾರೆಲ್-ಹಾರ್ಡಿ ಜೋಡಿಯ ಆ ಸಣಕಲ. ಆದರೆ ಆಗಿನ್ನೂ ಆ ಜೋಡಿ ಕೂಡಿರಲಿಲ್ಲ, ಅದಕ್ಕೆ 1927 ಬರಬೇಕಾಯಿತು.

ಹೆಸರು ಕೇಳಿದ ತಕ್ಷಣ ಕೆಲವರಿಗೆ ಗೊತ್ತಾಗಿರುತ್ತದೆ. ಇದು ಜೆಕಿಲ್ ಮತ್ತು ಹೈಡ್ ಕಥೆಯ ಅಣಕ. ಒಳ್ಳೆಯ ಡಾಕ್ಟರ್ ಔಷಧಿ ಕುಡಿದು ಕೆಟ್ಟವನಾಗುವ ಕಥೆ. ಈ ಅಣಕ ಇಂದಿಗೂ ನಗಿಸುತ್ತದೆ. ಪ್ರಶ್ನೆ ಏನೆಂದರೆ, ಹೇಗೆ? ಮಾತಿಲ್ಲ, ಬಣ್ಣವಿಲ್ಲ, ಕಂಪ್ಯೂಟರ್ ಗ್ರಾಫಿಕ್ಸ್ ಇಲ್ಲ. ಆಗ ಎಲ್ಲರಿಗೂ ಗೊತ್ತಿದ್ದ ಸಂಗತಿಗಳು ಈಗ ಯಾರಿಗೂ ನೆನಪಿಲ್ಲ. ಆದರೂ ಆ ಐಸ್‌ಕ್ರೀಮ್ ಕಳ್ಳತನಕ್ಕೆ ನಗು ಬರುತ್ತದೆ.

ಉತ್ತರ ಹುಡುಕಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

ರಾಬರ್ಟ್ ಲೂಯಿಸ್ ಸ್ಟೀವನ್‌ಸನ್ ಆ ಕಥೆ ಪ್ರಕಟಿಸಿದ್ದು 1886ರಲ್ಲಿ. ಈಗ ಓದಲು ಕೂತರೆ ಆಶ್ಚರ್ಯವಾಗುತ್ತದೆ. ಅದರಲ್ಲಿ ಔಷಧಿ ಕುಡಿಯುವ ದೃಶ್ಯ ಕೊನೆಯ ಭಾಗದವರೆಗೂ ಬರುವುದೇ ಇಲ್ಲ! ಅದು ನಿಜಕ್ಕೂ ಒಂದು ಪತ್ತೇದಾರಿ ಕಥೆ. ಈ ಹೈಡ್ ಯಾರು? ಮರ್ಯಾದಸ್ಥ ಜೆಕಿಲ್‌ಗೂ ಅವನಿಗೂ ಏನು ಸಂಬಂಧ? ಇಬ್ಬರೂ ಒಬ್ಬನೇ ಅನ್ನುವ ಗುಟ್ಟನ್ನು ಕೊನೆಯಲ್ಲಿ ಬರುವ ಎರಡು ಬರಹಗಳು ಬಿಟ್ಟುಕೊಡುತ್ತವೆ.

ನಾಟಕದವರಿಗೆ ಇದು ಸಾಲಲಿಲ್ಲ. ಕಾಸು ಕೊಟ್ಟು ಬಂದವರಿಗೆ ಪತ್ರ ಓದಿ ಹೇಳಿದರೆ ಆಗುತ್ತದೆಯೇ? 1887ರಲ್ಲಿ ಬಾಸ್ಟನ್ ನಗರದಲ್ಲಿ ರಿಚರ್ಡ್ ಮಾನ್ಸ್‌ಫೀಲ್ಡ್ ಎಂಬ ನಟ ಎಲ್ಲರ ಕಣ್ಣೆದುರೇ ಜೆಕಿಲ್‌ನಿಂದ ಹೈಡ್ ಆಗಿ ತೋರಿಸಿದ. ಬಣ್ಣ, ಬೆಳಕು, ತನ್ನದೇ ಮುಖ ಮತ್ತು ಮೈ ಇಷ್ಟರಲ್ಲೇ. ಮರುವರ್ಷ ಅದೇ ನಾಟಕ ಲಂಡನ್‌ಗೆ ಹೋಯಿತು. ಅದೇ ಹೊತ್ತಿಗೆ ಅಲ್ಲಿ ಜ್ಯಾಕ್ ದ ರಿಪ್ಪರ್‌ನ ಕೊಲೆಗಳು ಶುರುವಾದವು. ಮಾನ್ಸ್‌ಫೀಲ್ಡ್‌ನೇ ಕೊಲೆಗಾರ ಇರಬಹುದು ಅಂತ ಒಬ್ಬರು ಪೊಲೀಸರಿಗೆ ಪತ್ರವನ್ನೇ ಬರೆದರು. ನಟನೆಗೆ ಇದಕ್ಕಿಂತ ದೊಡ್ಡ ಬಿರುದು ಬೇಕಾ?

ಅಲ್ಲಿಂದ ಕಥೆಯ ಗುಟ್ಟು ಗುಟ್ಟಾಗಿ ಉಳಿಯಲಿಲ್ಲ. ಜನ ಬರುತ್ತಿದ್ದದ್ದೇ ಬಾಟಲಿ ಎತ್ತುವ ಕ್ಷಣಕ್ಕೆ. ಸಿನಿಮಾ ಬಂದ ಮೇಲೆ ಇದು ಇನ್ನೂ ಜಾಸ್ತಿಯಾಯಿತು. 1908ರಲ್ಲೇ ಒಂದು ಜೆಕಿಲ್ ಚಿತ್ರ ಬಂದಿತ್ತು, ಅದು ಈಗ ಸಿಗುವುದಿಲ್ಲ. 1912ರಲ್ಲಿ ಇನ್ನೊಂದು. 1920ರಲ್ಲಿ ಬಂದದ್ದು ಜಾನ್ ಬ್ಯಾರಿಮೋರ್ ನಟಿಸಿದ ಚಿತ್ರ. ಲಾರೆಲ್ ಅಣಕಿಸಿದ್ದು ಇದನ್ನೇ.

ಬ್ಯಾರಿಮೋರ್ ಆ ಕಾಲದ ಚೆಲುವ. ರಂಗಭೂಮಿಯಲ್ಲಿ ಶೇಕ್ಸ್‌ಪಿಯರ್ ಪಾತ್ರ ಮಾಡುತ್ತಿದ್ದವನು. ಮೊದಲ ಬಾರಿ ಔಷಧಿ ಕುಡಿದಾಗ ಅವನು ಮೇಕಪ್ ಇಲ್ಲದೆಯೇ, ಬರೀ ಮುಖದ ಸ್ನಾಯು ತಿರುಚಿ, ದವಡೆ ಹಿಂಡಿ ಹೈಡ್ ಆಗುತ್ತಾನೆ. ಕ್ಯಾಮೆರಾ ಕಣ್ಣು ಮಿಟುಕಿಸುವುದಿಲ್ಲ. ಆಮೇಲೆ ಕೈ ತೋರಿಸಿದಾಗ ಉದ್ದುದ್ದ ಬೆರಳು. ಮುಂದೆ ಹೋದ ಹಾಗೆ ತಲೆಯೂ ಚೂಪಾಗುತ್ತದೆ. ಒಂದು ಕಡೆ ಹೈಡ್ ಮೈ ಕೊಡವಿ ಮತ್ತೆ ಜೆಕಿಲ್ ಆಗುವಾಗ, ಅಂಟಿಸಿದ್ದ ಸುಳ್ಳು ಬೆರಳೊಂದು ಕಿತ್ತು ಹಾರಿಹೋಗುವುದು ಕಾಣುತ್ತದೆ. ನೂರು ವರ್ಷದಿಂದ ಆ ಬೆರಳು ಹಾಗೇ ಹಾರುತ್ತಿದೆ. ಯಾರೂ ಕತ್ತರಿಸಿಲ್ಲ. ನನಗಂತೂ ಆ ಬೆರಳು ತುಂಬಾ ಇಷ್ಟ. ಭಯಾನಕ ಮತ್ತು ತಮಾಷೆಯ ನಡುವೆ ಎಷ್ಟು ಅಂತರ ಇದೆ ಅಂದರೆ, ಒಂದು ಬೆರಳಿನಷ್ಟು.

ಲಾರೆಲ್ ಹೊಕ್ಕಿದ್ದು ಆ ಒಂದು ಬೆರಳಿನ ಸಂದಿಯಲ್ಲಿ.

ಈಗ ಎರಡು ಕಥೆಗಳನ್ನು ಪಕ್ಕಪಕ್ಕ ಇಟ್ಟು ನೋಡಿ. ಸ್ಟೀವನ್‌ಸನ್ ಕಥೆಯಲ್ಲಿ ಹೈಡ್ ಬಗ್ಗೆ ನಾವು ಕೇಳುವ ಮೊದಲ ಕೃತ್ಯ ಯಾವುದು? ನಟ್ಟಿರುಳಲ್ಲಿ ಎದುರು ಬಂದ ಒಬ್ಬ ಪುಟ್ಟ ಹುಡುಗಿಯನ್ನು ತುಳಿದುಕೊಂಡು ಹೋಗುತ್ತಾನೆ. ಆಮೇಲೆ ಒಬ್ಬ ಮುದುಕರನ್ನು ಬೆತ್ತದಲ್ಲಿ ಹೊಡೆದು ಸಾಯಿಸುತ್ತಾನೆ. ಲಾರೆಲ್‌ನ ಪ್ರೈಡ್ ಏನು ಮಾಡುತ್ತಾನೆ? ಮಗುವಿನ ಐಸ್‌ಕ್ರೀಮ್ ಕದಿಯುತ್ತಾನೆ. ಗೋಲಿ ಆಟದಲ್ಲಿ ಮೋಸ ಮಾಡುತ್ತಾನೆ. ನಡೆದು ಹೋಗುತ್ತಿದ್ದ ಹೆಂಗಸಿನ ಹಿಂದೆ ಕಾಗದದ ಚೀಲ ಊದಿ ಫಟ್ ಎನ್ನಿಸುತ್ತಾನೆ. ನಾವೆಲ್ಲ ಏಳನೇ ವಯಸ್ಸಿನಲ್ಲಿ ಮಾಡಿ ಬೆನ್ನಿಗೆ ಗುದ್ದು ತಿಂದ ಅಪರಾಧಗಳು.

ಈ ಚಿತ್ರದ ಯುಕ್ತಿ ಇಷ್ಟೇ. ಎಲ್ಲವನ್ನೂ ದೊಡ್ಡದಾಗಿಯೇ ಉಳಿಸು, ಪಾಪವೊಂದನ್ನು ಚಿಕ್ಕದು ಮಾಡು. ಲ್ಯಾಬ್ ಅದೇ ಗಾಂಭೀರ್ಯದ್ದು. ಹಳೆ ಇಂಗ್ಲೆಂಡಿನ ಹಾಗೆ ಕಾಣುವ ಬೀದಿ. ಬ್ಯಾರಿಮೋರ್‌ನದೇ ಹಾಗೆ ಇಳಿಬಿದ್ದ ಕೂದಲು, ಅದೇ ಗೂನು ನಡಿಗೆ. ಊರಿನವರ ಹೆದರಿಕೆ ಕೂಡ ಪೂರ್ತಿ ಅಳತೆಯದು. ಇದು ಮುಖ್ಯ. ಜನ ನಗುವುದಿಲ್ಲ. ಕಾಗದದ ಚೀಲ ಒಡೆದವನನ್ನು ಕೊಲೆಗಾರನನ್ನು ಅಟ್ಟಿದ ಹಾಗೆ ಅಟ್ಟಿಕೊಂಡು ಬರುತ್ತಾರೆ, ಲ್ಯಾಬ್ ಬಾಗಿಲು ಬಡಿಯುತ್ತಾರೆ. ಒಳಗಿಂದ ಬಾಗಿಲು ತೆಗೆಯುವವನು ಸಾಧು ಡಾಕ್ಟರ್ ಪಿಕಲ್. ಯಾರಾದರೂ ಒಬ್ಬರು ‘ಅಯ್ಯೋ, ಬರೀ ಐಸ್‌ಕ್ರೀಮ್ ತಾನೇ’ ಅಂದಿದ್ದರೆ ಚಿತ್ರ ಅಲ್ಲೇ ಮುಗಿಯುತ್ತಿತ್ತು.

ಅಣಕ ಮಾಡಲು ಹೊರಟು ಸೋಲುವವರು ಸಾಮಾನ್ಯವಾಗಿ ತಪ್ಪುವುದು ಇಲ್ಲೇ. ಎಲ್ಲವನ್ನೂ ಒಟ್ಟಿಗೇ ತಮಾಷೆ ಮಾಡಿಬಿಡುತ್ತಾರೆ. ಸೆಟ್ಟೂ ತಮಾಷೆ, ಬಟ್ಟೆಯೂ ತಮಾಷೆ, ಎದುರಿಗಿರುವವರೂ ಹಲ್ಲು ಕಿರಿಯುತ್ತಾರೆ. ಆಗ ಅಳೆಯಲು ಕೋಲೇ ಇರುವುದಿಲ್ಲ.

ಹೆಸರಿನ ವಿಷಯ ಹೇಳಿಬಿಡುತ್ತೇನೆ. ಜೆಕಿಲ್‌ಗೆ ಪ್ರಾಸವಾಗಿ ಪಿಕಲ್, ಹೈಡ್‌ಗೆ ಪ್ರಾಸವಾಗಿ ಪ್ರೈಡ್. ಪಿಕಲ್ ಅಂದರೆ ಉಪ್ಪಿನಕಾಯಿ. ಚಿತ್ರದಲ್ಲಿ ಅವನ ಔಷಧಿಯ ಹೆಸರು ‘ಡಾಕ್ಟರ್ ಪಿಕಲ್‌ನ 58ನೇ ಬಗೆ’. ಇದರಲ್ಲಿ ಏನು ಜೋಕ್? ಅಮೆರಿಕದಲ್ಲಿ ಉಪ್ಪಿನಕಾಯಿ, ಕೆಚಪ್ ಮಾರುವ ಹೈನ್ಜ್ ಕಂಪನಿ 1896ರಿಂದ ‘57 ಬಗೆ’ ಎಂದು ಜಾಹೀರಾತು ಮಾಡುತ್ತಿತ್ತು. ಆ 57 ಕೂಡ ಎಣಿಸಿ ಬರೆದ ಸಂಖ್ಯೆಯಲ್ಲ. ಆಗಲೇ ಅವರ ಬಳಿ 60ಕ್ಕಿಂತ ಜಾಸ್ತಿ ಬಗೆ ಇದ್ದವು, 57 ಅನ್ನುವುದು ಕೇಳಲು ಚೆನ್ನಾಗಿತ್ತು ಅಷ್ಟೇ. ಅಂಗಡಿಯ ಬಾಟಲಿ ಮೇಲೆ ದಿನಾ 57 ನೋಡುತ್ತಿದ್ದವರಿಗೆ ‘58ನೇ ಬಗೆ’ ಅಂದ ಕೂಡಲೇ ನಗು ಬಂದಿರುತ್ತದೆ. ನಮಗೆ ಬರಬೇಕಾದರೆ ಇಷ್ಟು ಪುರಾಣ ಹೇಳಬೇಕು. ಹೇಳಿದ ಮೇಲೂ ಬರುವುದಿಲ್ಲ, ಅಲ್ವಾ? ಐಸ್‌ಕ್ರೀಮ್‌ಗೆ ಮಾತ್ರ ಯಾವ ಟಿಪ್ಪಣಿಯೂ ಬೇಡ.

ಮೂಕಿ ಹಾಸ್ಯಕ್ಕೆ ಮಾಯಾ ಔಷಧಿ ಏಕೆ ಇಷ್ಟು ಒಗ್ಗುತ್ತದೆ ಅನ್ನುವುದನ್ನೂ ನೋಡಬೇಕು. ನಮ್ಮ ಕಥೆಗಳಲ್ಲಿ ಒಬ್ಬ ಇನ್ನೊಂದಾಗಿ ಬದಲಾಗುವುದು ಹೆಚ್ಚಾಗಿ ಶಾಪದಿಂದ. ಋಷಿ ಸಿಟ್ಟಾದ, ಅಂದ, ಎದುರಿಗಿದ್ದವನು ಕಲ್ಲಾದ ಇಲ್ಲವೇ ಹೆಬ್ಬಾವಾದ. ಆದರೆ ಶಾಪಕ್ಕೆ ಬಾಯಿ ಬೇಕು. ಮೂಕಿಯಲ್ಲಿ ಋಷಿ ಬರೀ ತುಟಿ ಆಡಿಸುತ್ತಾನೆ. ಏನೆಂದ ಅಂತ ತಿಳಿಯಲು ಚಿತ್ರ ನಿಲ್ಲಿಸಿ, ಅಕ್ಷರದ ಫಲಕ ತೋರಿಸಬೇಕು. ಬಾಟಲಿಗೆ ಈ ತಾಪತ್ರಯ ಇಲ್ಲ. ಕೈಯಲ್ಲಿ ಹಿಡಿದ, ಕುಡಿದ, ಬದಲಾದ. ಕಾರಣವೂ ಕಣ್ಣಿಗೆ ಕಾಣುತ್ತದೆ, ಪರಿಣಾಮವೂ ಕಾಣುತ್ತದೆ. ಓದು ಬಾರದವರಿಗೂ ಗೊತ್ತಾಗುತ್ತದೆ.

ಇನ್ನೊಂದು ಲಾಭವೂ ಇದೆ. ಬಾಟಲಿ ಮೇಜಿನ ಮೇಲೆ ಇದ್ದಷ್ಟು ಹೊತ್ತೂ ನಮ್ಮ ಕಣ್ಣು ಅದರ ಮೇಲೇ. ಯಾರು ಕುಡಿಯುತ್ತಾರೆ, ಯಾವಾಗ ಕುಡಿಯುತ್ತಾರೆ? ಸುಮ್ನೆ ಕೂತಿರುವ ಒಂದು ಗಾಜಿನ ಸೀಸೆ ಅರ್ಧ ನಿರ್ದೇಶಕನ ಕೆಲಸ ಮಾಡಿಬಿಡುತ್ತದೆ.

ಇನ್ನು ಬದಲಾಗುವುದನ್ನು ತೋರಿಸುವುದು ಹೇಗೆ? ಆಗ ಇದ್ದ ದಾರಿಗಳು ಕೆಲವೇ. ಎಲ್ಲಕ್ಕಿಂತ ಹಳೆಯದು ಫ್ರಾನ್ಸಿನ ಜಾರ್ಜ್ ಮೆಲಿಯೆ 1896ರಲ್ಲೇ ಬಳಸಿದ ಯುಕ್ತಿ. ಕ್ಯಾಮೆರಾ ನಿಲ್ಲಿಸು. ಅದನ್ನು ಅಲ್ಲಾಡಿಸಬೇಡ. ಮನುಷ್ಯನನ್ನು ಬದಲಿಸು. ಮತ್ತೆ ಕ್ಯಾಮೆರಾ ಓಡಿಸು. ತೆರೆಯ ಮೇಲೆ ಕುರ್ಚಿಯಲ್ಲಿದ್ದ ಹೆಂಗಸು ಎಲುಬಿನ ಗೂಡಾಗುತ್ತಾಳೆ. ಎರಡನೆಯದು ಒಂದು ಚಿತ್ರ ಕರಗುತ್ತಾ ಇನ್ನೊಂದು ಮೂಡುವುದು. ನಟ ಅಲುಗಾಡದೆ ಕೂರಬೇಕು, ಸ್ವಲ್ಪ ಸ್ವಲ್ಪ ಮೇಕಪ್ ಹಚ್ಚಿ ಮತ್ತೆ ಮತ್ತೆ ಚಿತ್ರೀಕರಿಸಬೇಕು. ಮೂರನೆಯದು ಎಲ್ಲಕ್ಕಿಂತ ಅಗ್ಗ. ಸಂಕಟ ಪಡುತ್ತಾ ಮೇಜಿನ ಕೆಳಗೆ ಬಗ್ಗಿಬಿಡು, ಎದ್ದಾಗ ವಿಗ್ ಇರಲಿ. ಹಾಸ್ಯ ಚಿತ್ರಕ್ಕೆ ಈ ಅಗ್ಗದ ದಾರಿಯೇ ವಾಸಿ ಅಂತ ನನ್ನ ಅನಿಸಿಕೆ. ಅಚ್ಚುಕಟ್ಟಾದ ಮಾಯೆ ನೋಡಿ ನಾವು ಬೆರಗಾಗುತ್ತೇವೆ. ಬೆರಗಾದವರು ನಗುವುದಿಲ್ಲ.

ವೇಗದ ಬಗ್ಗೆ ಮಾತ್ರ ತುಸು ನಿಧಾನವಾಗಿ ಹೇಳಬೇಕು. ಮೂಕಿ ಚಿತ್ರ ಅಂದರೆ ಎಲ್ಲರೂ ಪಟಪಟ ಓಡಾಡುವುದು ಅಂತ ನಮ್ಮ ತಲೆಯಲ್ಲಿ ಕೂತುಬಿಟ್ಟಿದೆ. ಅದರಲ್ಲಿ ಅರ್ಧ ಬೇಕಂತಲೇ ಮಾಡಿದ್ದು, ಇನ್ನರ್ಧ ನಮ್ಮ ತಪ್ಪು.

ಆಗಿನ ಕ್ಯಾಮೆರಾಗೆ ಒಂದು ಕೈಹಿಡಿ. ರುಬ್ಬುವ ಹಾಗೆ ತಿರುಗಿಸುತ್ತಲೇ ಇರಬೇಕು. ಒಂದು ಸುತ್ತಿಗೆ 8 ಚಿತ್ರ ಸೆರೆಯಾಗುತ್ತವೆ. ಸೆಕೆಂಡಿಗೆ ಎರಡು ಸುತ್ತು ಅಂದರೆ 16 ಚಿತ್ರ. ಈಗ ಹಾಸ್ಯದ ಓಟ ಬೇಕು ಅನ್ನಿ. ಕ್ಯಾಮೆರಾದವನು ಕೈ ನಿಧಾನ ಮಾಡಿ ಸೆಕೆಂಡಿಗೆ 12 ಚಿತ್ರ ಮಾತ್ರ ತೆಗೆಯುತ್ತಾನೆ. ಹತ್ತು ಸೆಕೆಂಡಿನ ಓಟಕ್ಕೆ 120 ಚಿತ್ರ. ಥಿಯೇಟರ್‌ನಲ್ಲಿ ಅದನ್ನೇ ಸೆಕೆಂಡಿಗೆ 18ರಂತೆ ಬಿಟ್ಟರೆ ಏಳು ಸೆಕೆಂಡಿನೊಳಗೆ ಮುಗಿದುಹೋಗುತ್ತದೆ. ಕೈ ನಿಧಾನವಾದರೆ ಕಾಲು ಚುರುಕು! ನಟನೂ ಇದನ್ನು ತಿಳಿದೇ ನಟಿಸಬೇಕು. ಬಿದ್ದಾಗ ಎಷ್ಟು ಹೊತ್ತು ಬಿದ್ದಿರಬೇಕು, ಯಾವಾಗ ತಿರುಗಿ ನೋಡಬೇಕು, ಎಲ್ಲವೂ ಬೇರೆ ಲೆಕ್ಕ.

ನಮ್ಮ ತಪ್ಪು ಯಾವುದು? ಮಾತಿನ ಚಿತ್ರ ಬಂದ ಮೇಲೆ ಸೆಕೆಂಡಿಗೆ 24 ಎನ್ನುವುದು ಗಟ್ಟಿಯಾಯಿತು. ಹಳೆಯ ಚಿತ್ರಗಳನ್ನೂ ಯೋಚಿಸದೆ ಅದೇ ವೇಗಕ್ಕೆ ಹಾಕಿ ನಕಲು ಮಾಡಿದರು. 16ರಲ್ಲಿ ತೆಗೆದ ಸಾವಿರ ಅಡಿಯ ಒಂದು ರೀಲು ಹದಿನಾರೂವರೆ ನಿಮಿಷಕ್ಕಿಂತ ಸ್ವಲ್ಪ ಜಾಸ್ತಿ ಓಡಬೇಕು. 24ರಲ್ಲಿ ಅದು ಹನ್ನೊಂದಕ್ಕೇ ಮುಗಿಯುತ್ತದೆ. ಅಳುವವರೂ ಓಡುತ್ತಾ ಅಳುತ್ತಾರೆ. ಹಾಗಾಗಿ ಯಾವುದಾದರೂ ಮೂಕಿ ಚಿತ್ರ ನೋಡುವಾಗ ಎಲ್ಲರಿಗೂ ಗಡಿಬಿಡಿ ಹಿಡಿದಂತೆ ಕಂಡರೆ ವೇಗ ಸರಿಪಡಿಸಿದ ಇನ್ನೊಂದು ಪ್ರತಿ ಹುಡುಕಿ. ಲಾರೆಲ್ ಚಿತ್ರವನ್ನು ನಾನು ಮೊದಲು ನೋಡಿದ್ದು ಅಂಥದ್ದೇ ಒಂದು ಓಟದ ಪ್ರತಿಯಲ್ಲಿ. ಪ್ರೈಡ್ ಐಸ್‌ಕ್ರೀಮ್ ಕಿತ್ತುಕೊಂಡದ್ದೇ ಗೊತ್ತಾಗಲಿಲ್ಲ. ಎರಡನೇ ಸಲ ಸರಿಯಾದ ವೇಗದಲ್ಲಿ ನೋಡಿದಾಗ ಕಂಡಿದ್ದು, ಅವನು ಆ ಕಳ್ಳತನವನ್ನು ಎಷ್ಟು ಸಂಭ್ರಮದಿಂದ ಮಾಡುತ್ತಾನೆ ಅಂತ.

ಲಾರೆಲ್ ಕಣ್ಣಿನ ಕಥೆಯೊಂದಿದೆ. ಅವನದು ತಿಳಿ ನೀಲಿ ಕಣ್ಣು. ಆಗ ಬಳಕೆಯಲ್ಲಿದ್ದ ಆರ್ಥೋಕ್ರೊಮ್ಯಾಟಿಕ್ ಫಿಲ್ಮ್‌ಗೆ ಕೆಂಪು ಕಾಣುತ್ತಿರಲಿಲ್ಲ, ಅದು ಕಪ್ಪಾಗಿ ಬರುತ್ತಿತ್ತು. ನೀಲಿ ಮಾತ್ರ ಬೆಳ್ಳಗೆ ಹೊಳೆದುಬಿಡುತ್ತಿತ್ತು. ಹಾಗಾಗಿ ತೆರೆಯ ಮೇಲೆ ಅವನ ಕಣ್ಣು ಖಾಲಿ ಖಾಲಿಯಾಗಿ, ಗುಡ್ಡೆಯೇ ಇಲ್ಲದಂತೆ ಕಾಣುತ್ತಿತ್ತು. ಎಲ್ಲ ಬಣ್ಣಕ್ಕೂ ಸ್ಪಂದಿಸುವ ಪ್ಯಾನ್‌ಕ್ರೊಮ್ಯಾಟಿಕ್ ಫಿಲ್ಮ್ ಬಂದ ಮೇಲೆ ಆ ತೊಂದರೆ ತಪ್ಪಿತು. ಹಾಸ್ಯ ನಟನಿಗೆ ಕಣ್ಣೇ ಕಾಣದಿದ್ದರೆ ಹೊಟ್ಟೆಪಾಡು ಹೇಗೆ? ಆದರೆ ಔಷಧಿ ಕುಡಿದ ರಾಕ್ಷಸನಿಗೆ ಅದು ಒಂದು ರೀತಿ ವರವೇ ಅನ್ನಿ.

ಫಿಲ್ಮ್ ಯಾವ ಬಣ್ಣ ನೋಡುತ್ತದೆ ಅನ್ನುವುದನ್ನೇ ಹಿಡಿದು ಮುಂದೆ ಒಂದು ದೊಡ್ಡ ಜಾದೂ ಆಯಿತು. 1931ರ ಜೆಕಿಲ್ ಚಿತ್ರ, ರೂಬೆನ್ ಮಮೂಲಿಯನ್ ನಿರ್ದೇಶನದ್ದು, ಮಾತಿನ ಚಿತ್ರ. ಅದರಲ್ಲಿ ಫ್ರೆಡ್ರಿಕ್ ಮಾರ್ಚ್ ಮುಖ ಕತ್ತರಿಯೇ ಇಲ್ಲದೆ ಕಪ್ಪಿಡುತ್ತಾ ಹೋಗುತ್ತದೆ. ಹೇಗೆ? ಮುಖಕ್ಕೆ ಬಣ್ಣದ ಮೇಕಪ್ ಮೊದಲೇ ಹಚ್ಚಿರುತ್ತಾರೆ. ಅದೇ ಬಣ್ಣದ ಗಾಜಿನ ಮೂಲಕ ನೋಡಿದರೆ ಅದು ಕಾಣುವುದಿಲ್ಲ. ಗಾಜು ಬದಲಿಸಿದ ಕೂಡಲೇ ಮೆಲ್ಲಗೆ ಮೇಲೆದ್ದು ಬರುತ್ತದೆ. ಕಪ್ಪು ಬಿಳುಪಿನ ಚಿತ್ರವಾದ್ದರಿಂದ ಬಣ್ಣ ಬದಲಾದದ್ದು ನಮಗೆ ತಿಳಿಯುವುದೇ ಇಲ್ಲ. ಕಪ್ಪು ಬಿಳುಪಿನ ಕಾಲದಲ್ಲಿ ಬಣ್ಣದಿಂದಲೇ ಮೋಸ ಮಾಡಿದರು ನೋಡಿ.

ಇನ್ನೊಂದು ಸಂಗತಿ ಇದೆ, 1925ರ ಅಮೆರಿಕದವರಿಗೆ ಅದನ್ನು ಯಾರೂ ಹೇಳಬೇಕಾಗಿರಲಿಲ್ಲ. ಆಗ ಆ ದೇಶದಲ್ಲಿ ಮದ್ಯ ಮಾರುವುದು ಕಾನೂನಿಗೆ ವಿರುದ್ಧ. ಆ ನಿಷೇಧ 1920ರಿಂದ 1933ರವರೆಗೆ ಇತ್ತು. ಆದರೆ ಡಾಕ್ಟರ್ ಚೀಟಿ ಬರೆದುಕೊಟ್ಟರೆ ಔಷಧಿ ಅಂಗಡಿಯಲ್ಲಿ ವಿಸ್ಕಿ ಸಿಗುತ್ತಿತ್ತು. ಅಂಥ ಕಾಲದಲ್ಲಿ ಒಬ್ಬ ಮರ್ಯಾದಸ್ಥ ಡಾಕ್ಟರ್ ಬಾಗಿಲು ಹಾಕಿಕೊಂಡು, ಬಾಟಲಿ ಎತ್ತಿ, ಕುಡಿದು, ಆಮೇಲೆ ಬೀದಿಯಲ್ಲಿ ಹುಚ್ಚಾಟ ಆಡಿದರೆ ಥಿಯೇಟರ್‌ನಲ್ಲಿ ಕೂತವರಿಗೆ ಏನು ಅನಿಸಿರಬಹುದು? ಚಿತ್ರ ಅದನ್ನು ಹೇಳಲು ಹೊರಟಿತ್ತು ಅಂತ ನಾನು ಹೇಳುತ್ತಿಲ್ಲ. ಆದರೆ ಅವರ ಊರಲ್ಲೂ ಒಬ್ಬೊಬ್ಬ ಪಿಕಲ್ ಇದ್ದಿರಬೇಕು.

ಚಾರ್ಲಿ ಚಾಪ್ಲಿನ್ ಇದಕ್ಕೂ ಮೊದಲೇ, 1917ರ ‘ದ ಕ್ಯೂರ್’ನಲ್ಲಿ ಬಾಟಲಿಯನ್ನು ಬೇರೆ ರೀತಿ ಬಳಸಿದ್ದ. ಆರೋಗ್ಯಕ್ಕಾಗಿ ಬುಗ್ಗೆಯ ನೀರು ಕುಡಿಯುವ ಒಂದು ಆಶ್ರಮದಂಥ ಜಾಗ. ಕುಡುಕ ಚಾರ್ಲಿ ಪೆಟ್ಟಿಗೆ ತುಂಬ ಮದ್ಯ ಹೊತ್ತು ಅಲ್ಲಿಗೆ ಬರುತ್ತಾನೆ. ಅದೆಲ್ಲ ಕೊನೆಗೆ ಬುಗ್ಗೆಗೆ ಬೀಳುತ್ತದೆ. ಪಥ್ಯದಲ್ಲಿದ್ದವರೆಲ್ಲ ತೀರ್ಥ ಅಂತ ಕುಡಿದು ತೂರಾಡುತ್ತಾರೆ. ಅಲ್ಲಿ ಒಂದು ಬಾಟಲಿ ಊರನ್ನೇ ಕೆಡಿಸುತ್ತದೆ. ಲಾರೆಲ್ ಚಿತ್ರದಲ್ಲಿ ಒಬ್ಬ ಕೆಡುತ್ತಾನೆ, ಊರು ಗಂಭೀರವಾಗಿ ಉಳಿಯುತ್ತದೆ. ನನಗೆ ಎರಡನೆಯದೇ ಕಷ್ಟದ ಕೆಲಸ ಅನಿಸುತ್ತದೆ.

ಇಬ್ಬರೂ ಒಂದೇ ಗರಡಿಯವರು. ಇಂಗ್ಲೆಂಡಿನಲ್ಲಿ ಫ್ರೆಡ್ ಕಾರ್ನೋ ಎಂಬಾತನ ಹಾಸ್ಯ ಕಂಪನಿ ಇತ್ತು. ಮಾತಿಲ್ಲದೆ ಮೈಯಲ್ಲೇ ನಗಿಸುವ ಪ್ರಹಸನಕ್ಕೆ ಹೆಸರಾಗಿತ್ತು. 1910ರಲ್ಲಿ ಆ ಕಂಪನಿ ಅಮೆರಿಕಕ್ಕೆ ಹೋದಾಗ ಚಾಪ್ಲಿನ್ ಮುಖ್ಯ ನಟ, ಲಾರೆಲ್ ಅವನಿಗೆ ಬದಲಿ ಆಟಗಾರ. ಚಾಪ್ಲಿನ್‌ಗೆ ಜ್ವರ ಬಂದರೆ ಮಾತ್ರ ಬಣ್ಣ ಹಚ್ಚುವ ಕೆಲಸ. ಚಾಪ್ಲಿನ್ ಬೇಗ ಲೋಕಪ್ರಸಿದ್ಧನಾದ. ಲಾರೆಲ್ ಎಷ್ಟೋ ವರ್ಷ ತನ್ನದೇ ಒಂದು ಮುಖ ಹುಡುಕುತ್ತಾ ಅಲೆದ. ಆ ಅಲೆದಾಟದಲ್ಲಿ ಬೇರೆಯವರ ಮುಖ ಹಾಕಿಕೊಂಡು ಅಣಕಿಸುವುದು ಅವನಿಗೆ ಒಲಿಯಿತು. 1922ರಲ್ಲಿ ವ್ಯಾಲೆಂಟಿನೋ ಎಂಬ ಪ್ರಣಯ ನಾಯಕನನ್ನು ಅಣಕಿಸಿ ‘ವ್ಯಾಸಲೀನೋ’ ಆದ. ಆಮೇಲೆ ಗಲ್ಲಾ ಪೆಟ್ಟಿಗೆ ತುಂಬಿದ ಬೇರೆ ಚಿತ್ರಗಳು. ಕೊನೆಗೆ ಬ್ಯಾರಿಮೋರ್.

ಇವನು ನಮಗೆ ಗೊತ್ತಿರುವ ಲಾರೆಲ್ ಅಲ್ಲ ಅನ್ನುವುದು ಚಿತ್ರ ನೋಡುವಾಗ ಎದ್ದು ಕಾಣುತ್ತದೆ. ನಮಗೆ ಗೊತ್ತಿರುವವನು ನಿಧಾನಿ. ತಲೆ ಕೆರೆದುಕೊಳ್ಳುತ್ತಾನೆ, ಒಂದು ಮಾತು ತಲೆಗೆ ಹೋಗಲು ಅರ್ಧ ನಿಮಿಷ ತೆಗೆದುಕೊಳ್ಳುತ್ತಾನೆ, ಬೈದರೆ ಮಗುವಿನಂತೆ ಅಳುತ್ತಾನೆ. ಪ್ರೈಡ್ ಮಿಂಚು. ಆದರೂ ಇಬ್ಬರಿಗೂ ಒಂದು ನಂಟು ಇದೆ. ಇಬ್ಬರ ವಯಸ್ಸೂ ಏಳು. ಔಷಧಿ ಕುಡಿದಾಗ ಆ ಡಾಕ್ಟರ್ ಒಳಗಿಂದ ಹೊರಬಂದದ್ದು ರಾಕ್ಷಸನಲ್ಲ, ಒಬ್ಬ ತುಂಟ ಹುಡುಗ. ಮುಂದೆ ಹಾರ್ಡಿ ಪಕ್ಕದಲ್ಲಿ ನಿಂತಾಗ ಬಾಟಲಿಯ ಹಂಗಿಲ್ಲದೆ ಅದೇ ಹುಡುಗ ಬಂದ.

ಬಾಟಲಿ ಮಾತ್ರ ಲಾರೆಲ್‌ನನ್ನು ಬಿಡಲಿಲ್ಲ. 1933ರ ‘ಡರ್ಟಿ ವರ್ಕ್’ ಮಾತಿನ ಚಿತ್ರ. ಲಾರೆಲ್ ಮತ್ತು ಹಾರ್ಡಿ ಒಬ್ಬ ಪ್ರೊಫೆಸರ್ ಮನೆಗೆ ಹೊಗೆಗೂಡು ತೊಳೆಯಲು ಬರುತ್ತಾರೆ. ಆ ಪ್ರೊಫೆಸರ್ ಯೌವನ ಮರಳಿಸುವ ದ್ರವ ಕಂಡುಹಿಡಿದಿದ್ದಾನೆ. ಬಾತುಕೋಳಿಯೊಂದನ್ನು ಮರಿ ಮಾಡುತ್ತಾನೆ, ಮರಿಯನ್ನು ಮೊಟ್ಟೆ ಮಾಡುತ್ತಾನೆ. ಇಬ್ಬರೂ ತಾವೂ ಒಂದು ಕೈ ನೋಡಲು ಹೋಗುತ್ತಾರೆ. ಹಾರ್ಡಿ ಪೂರ್ತಿ ತೊಟ್ಟಿಗೇ ಬೀಳುತ್ತಾನೆ. ಸ್ವಲ್ಪ ಹೊತ್ತಾದ ಮೇಲೆ ತೊಟ್ಟಿಯಿಂದ ಮೇಲೆ ಬರುವುದು ಹಾರ್ಡಿಯ ಟೋಪಿ ಹಾಕಿಕೊಂಡ ಒಂದು ಚಿಂಪಾಂಜಿ. ವಿಕಾಸದ ಮೆಟ್ಟಿಲನ್ನೇ ಹಿಂದಕ್ಕೆ ಇಳಿದುಬಿಟ್ಟಿದ್ದಾನೆ. ಲಾರೆಲ್ ಗಾಬರಿಯಾಗಿ ಏನಾದರೂ ಮಾತಾಡು ಅಂತ ಗೋಗರೆಯುತ್ತಾನೆ.

ಚಿಂಪಾಂಜಿ ಹಾರ್ಡಿಯ ದನಿಯಲ್ಲೇ ಹೇಳುತ್ತದೆ: ‘ನಾನು ಹೇಳುವುದು ಏನೂ ಇಲ್ಲ!’